ನಿಂತು ಸೀರೆ ಉಡುವಷ್ಟು ಎತ್ತರ

ಮೇ ತಿಂಗಳ ಆ ಗುರುವಾರದ ದಿನಚರಿ ಪುಟದಲ್ಲಿ ನಾನು ಬೆಳಿಗ್ಗೆ ಬರೆದದ್ದು ಒಂದೇ ಸಾಲು: ‘ಇಂದು ದೋಣಿಯ ವಾಲಿಕೆ ನೋಡುವುದು. ಐದು ಇಂಚಿಗಿಂತ ಹೆಚ್ಚಾಗಬಾರದು.’ ಹೆಚ್ಚಾದರೆ ಏನಾಗುತ್ತದೆ ಎಂಬುದನ್ನು ಬರೆಯಲು ಕೈ ಬರಲಿಲ್ಲ. ಅದು ಮನೆಯಲ್ಲಿ ಎಲ್ಲರಿಗೂ ಗೊತ್ತಿತ್ತು.

ನನ್ನ ಕಾಕಾ ಮಜಗಾಂವಿನ ಒಂದು ದೋಣಿ ಕಾರ್ಖಾನೆಯಲ್ಲಿ ನಕ್ಷೆ ಬರೆಯುವವರು. ಬೆಳಗಾವಿಯಿಂದ ಬಂದು ಪರೇಲಿನ ಚಾಳಿನ ಒಂದು ಕೋಣೆಯಲ್ಲಿ ಸಂಸಾರ ಹೂಡಿದವರು. ಮ್ಯಾಟ್ರಿಕ್ ಮುಗಿಸಿದ ಮೇಲೆ ನಾನೂ ಅವರ ಮನೆಗೆ ಬಂದು, ಅದೇ ಕಾರ್ಖಾನೆಯಲ್ಲಿ ನಕ್ಷೆಗಳನ್ನು ತೆಳುಬಟ್ಟೆಯ ಮೇಲೆ ಪ್ರತಿ ತೆಗೆಯುವ ಕೆಲಸಕ್ಕೆ ಸೇರಿದ್ದೆ. ಅಷ್ಟು ವರ್ಷ ಕಾಕಾ ವಿಲಾಯಿತಿಯಿಂದ ಬಂದ ನಕ್ಷೆಗಳನ್ನೇ ತಿದ್ದಿ ಕೊಡುತ್ತಿದ್ದರು. ಈ ಯಾಟ್, ಎಂದರೆ ಈ ಹಾಯಿದೋಣಿ, ಮಾತ್ರ ಮೊದಲ ಗೆರೆಯಿಂದ ಕೊನೆಯ ಗೆರೆಯವರೆಗೆ ಅವರದೇ.

ಮಾಡಿಸುತ್ತಿದ್ದವರು ಹತ್ತಿ ವ್ಯಾಪಾರದ ಒಬ್ಬ ಸೇಠ್. ಅವರಿಗೆ ಒಂದೇ ದೋಣಿಯಲ್ಲಿ ಎರಡು ಬೇಕಿತ್ತು. ಭಾನುವಾರ ಬಂದರಿನ ರೇಸಿನಲ್ಲಿ ಓಡಬೇಕು, ರಜೆಯಲ್ಲಿ ಹೆಂಡತಿ ಮಕ್ಕಳನ್ನು ಗೋವೆಯವರೆಗೆ ಕರೆದುಕೊಂಡು ಹೋಗಬೇಕು. ಕಾಕಾ ಮೂತಿಯನ್ನೂ ಹಿಂಭಾಗವನ್ನೂ ನೀರಿನಿಂದಾಚೆ ಉದ್ದಕ್ಕೆ ಚಾಚಿದ್ದರು. ಗಾಳಿಗೆ ದೋಣಿ ವಾಲಿದಾಗ ಆ ಚಾಚು ನೀರಿಗೆ ತಾಗಿ ದೋಣಿ ಇನ್ನಷ್ಟು ಉದ್ದವಾದಂತಾಗುತ್ತದೆ, ಉದ್ದವಾದಷ್ಟೂ ವೇಗ. ತಳದಲ್ಲಿ ಸೀಸದ ಕೀಲ್, ವಾಲಿದ ದೋಣಿಯನ್ನು ಎಳೆದು ನಿಲ್ಲಿಸುವ ಭಾರ. ಒಳಗೆ ನಾಲ್ಕು ಮಲಗುವ ಹಲಗೆ, ದೋಣಿ ಎತ್ತ ವಾಲಿದರೂ ಪಾತ್ರೆ ಚೆಲ್ಲದಂತೆ ತೂಗಾಡುವ ಒಲೆ. ಎಲ್ಲಕ್ಕಿಂತ ಕಾಕಾಗೆ ಪ್ರೀತಿ ಹಾಯಿಕಂಬದ ಮೇಲೆ. ತೆಳ್ಳಗೆ, ತುದಿಗೆ ಹೋದಂತೆ ಸಣ್ಣಗಾಗುವ, ಬಹಳ ಎತ್ತರದ ಕಂಬ.

ಕ್ಯಾಬಿನ್ ಮೊದಲು ತಗ್ಗಾಗಿತ್ತು. ಪ್ರತಿ ತೆಗೆಯುವಾಗ ನಾನೇ ಕೇಳಿದ್ದೆ, “ಕಾಕಾ, ಇದರಾಗ ಸೇಠಾಣಿ ಸೀರಿ ಹ್ಯಾಂಗ ಉಡಬೇಕು?”

“ಅಂದ್ರ?”

“ಕೂತು ನಿರಿಗಿ ಹಿಡಿಯಾಕ ಬರ್ತದೇನು? ವಿಲಾಯಿತಿ ಮೇಡಮ್ಮಗಳಾದ್ರ ಪ್ಯಾಂಟು ಏರಿಸ್ಕೊಂಡು ಹೋಗ್ತಾರ.”

ಕಾಕಾ ಎರಡು ದಿನ ನಕ್ಷೆ ಮುಂದಿಟ್ಟುಕೊಂಡು ಕೂತರು. ಮೂರನೆಯ ದಿನ ಕಾಕಿಯನ್ನು ಗೋಡೆಗೆ ನಿಲ್ಲಿಸಿ, ಸೆರಗು ಹಾರಿಸುವಾಗ ಕೈ ಎಷ್ಟು ಮೇಲೆ ಹೋಗುತ್ತದೆಂದು ಅಳೆದರು. ಕ್ಯಾಬಿನ್ನಿನ ಮಾಡು ಏರಿತು. ಸೇಠಾಣಿ ನಕ್ಷೆ ನೋಡಿ, ಹಾಗಾದರೆ ತಾನೂ ಬರುತ್ತೇನೆಂದರು.

ಆದರೆ ಮೇಲೆ ಭಾರ ಹೆಚ್ಚಿದರೆ ದೋಣಿ ಮಗುಚುವ ಭಯ ಹೆಚ್ಚುತ್ತದೆ. ಕಾರ್ಖಾನೆಯ ಮ್ಯಾನೇಜರ್ ಒಬ್ಬ ಪಾರ್ಸಿ. ಕೆಟ್ಟ ಮನುಷ್ಯನಲ್ಲ, ಆದರೆ ಸೇಠಿಗೆ ಉತ್ತರ ಹೇಳಬೇಕಾದವನು. ಪರೀಕ್ಷೆಯಲ್ಲಿ ದೋಣಿ ಮಿತಿ ಮೀರಿ ವಾಲಿದರೆ ಮಾಡು ಕೊಯ್ದು ತಗ್ಗಿಸುವುದು, ಕಾಕಾ ಮತ್ತೆ ಹಳೆಯ ತಿದ್ದುವ ಮೇಜಿಗೆ ಹೋಗುವುದು ಎಂದು ಅವನು ಸ್ಪಷ್ಟವಾಗಿ ಹೇಳಿದ್ದ. ಹಾಗೆ ಕೊಯ್ದರೆ ಸೇಠಾಣಿಯೂ ಇಲ್ಲ, ಗೋವೆಯೂ ಇಲ್ಲ.

ಪರೀಕ್ಷೆ ಸರಳ. ಜನರನ್ನು ತೂಗಿ ದೋಣಿಯ ನಡುವೆ ನಿಲ್ಲಿಸುವುದು, ಆಮೇಲೆ ಎಲ್ಲರನ್ನೂ ಒಂದೇ ಅಂಚಿಗೆ ಕಳಿಸುವುದು. ಗೌಂಡಿಗಳು ಗೋಡೆ ನೆಟ್ಟಗಿದೆಯೇ ಎಂದು ನೋಡಲು ಇಳಿಬಿಡುವಂಥ ಗುಂಡನ್ನು ಕ್ಯಾಬಿನ್ನಿನ ಮಾಡಿನಿಂದ ದಾರ ಕಟ್ಟಿ ಇಳಿಬಿಟ್ಟಿರುತ್ತಾರೆ. ಅದು ಓಲಾಡದಂತೆ ಗುಂಡು ಎಣ್ಣೆಯ ಬಕೆಟ್ಟಿನೊಳಗೆ. ದಾರ ಅಳತೆಪಟ್ಟಿಯ ಮೇಲೆ ಎಷ್ಟು ಇಂಚು ಸರಿಯಿತೆಂದು ಒಳಗೆ ಕೂತು ಓದುವವಳು ನಾನು.

ಜನರು ಹಡಗುಕಟ್ಟೆಯ ಹತ್ತಿರದ ಉಡುಪಿ ಹೋಟೆಲಿನವರು, ಹನ್ನೆರಡು ಮಂದಿ. ಮಧ್ಯಾಹ್ನದ ಊಟ ಮುಗಿದು ಸಂಜೆಯ ತಿಂಡಿ ಶುರುವಾಗುವವರೆಗೆ ಅವರನ್ನು ಕೊಡಲು ಹೋಟೆಲಿನ ಯಜಮಾನರು ಒಪ್ಪಿದ್ದರು. ನಾಲ್ಕು ಗಂಟೆಗೆ ವಾಪಸು. ಕಾಕಾ ಮತ್ತು ನಾನು ದಡದ ತಕ್ಕಡಿಯ ಬಳಿ ಒಬ್ಬೊಬ್ಬರನ್ನೇ ತೂಗಿ ದೋಣಿಗೆ ಕಳಿಸಿದೆವು.

“ಬರೇ ನಿಂತ್ಕೊಳ್ಳುವುದಕ್ಕೆ ಪಗಾರ ಉಂಟಂತೆ ಮಾರಾಯ್ರೆ,” ಎಂದರು ಅವರಲ್ಲಿ ಹಿರಿಯರಾದ ಅಡುಗೆಯ ಭಟ್ಟರು. “ಇಷ್ಟು ವರ್ಷ ಸುಮ್ಮನೆ ಹಿಟ್ಟು ರುಬ್ಬಿದೆ.”

“ಭಟ್ರನ್ನು ನಡುವಿನಿಂದ ಅಲ್ಲಾಡಿಸ್ಬೇಡಿ, ದೋಣಿ ಮುಳುಗ್ತದೆ,” ಎಂದ ಬಡಿಸುವವನೊಬ್ಬ.

ಕೊನೆಯವನು ಹತ್ತಿದ ಮೇಲೆ ನಾನು ಒಳಗೆ ಹೋಗಿ ಕೂತೆ. ಹಗ್ಗಗಳನ್ನು ಸಡಿಲಿಸಿದರು. ಕಾಕಾ ಮೇಲಿನಿಂದ ಕೂಗಿದರು, ಹನ್ನೆರಡು ಜೊತೆ ಬರಿಗಾಲು ನನ್ನ ತಲೆಯ ಮೇಲೆ ದಡದಡ ಎಂದು ಒಂದು ಅಂಚಿಗೆ ಹೋದವು. ದೋಣಿ ವಾಲಿತು. ದಾರ ಸರಿಯಿತು. ಐದರ ಗೆರೆ ದಾಟಿತು, ನಿಲ್ಲಲಿಲ್ಲ. ಆರರ ಮೇಲೆ ಹೋಗಿ ನಿಂತಿತು.

“ಎಷ್ಟು ತಂಗಿ?” ಎಂದರು ಕಾಕಾ.

ಹೇಳಿದೆ. ಮೇಲಿನಿಂದ ಮ್ಯಾನೇಜರನ ದನಿ ಕೇಳಿಸಿತು, “ಕಾಟ್ನಾ ಪಡೇಗಾ, ಬಾಬು. ಮೈನೇ ಬೋಲಾ ಥಾ.” ಕೊಯ್ಯಲೇಬೇಕು, ಮೊದಲೇ ಹೇಳಿದ್ದೆ ಎಂದು.

ಜನ ಮತ್ತೆ ನಡುವಿಗೆ ಬಂದರು. ದೋಣಿ ನೆಟ್ಟಗಾಗುತ್ತಿದ್ದಂತೆ ನನ್ನ ಕೆಳಗೆ, ಹಲಗೆಯಡಿಯಲ್ಲಿ, ಏನೋ ಒಂದು ಬದಿಯಿಂದ ಇನ್ನೊಂದು ಬದಿಗೆ ಹರಿದುಹೋಯಿತು. ನಿಧಾನವಾಗಿ, ಗುಳುಗುಳು ಎಂದು.

“ಕಾಕಾ, ಟಾಕಿಯೊಳಗ ನೀರು ಓಡ್ಯಾಡಾಕತ್ತೈತಿ.”

“ಮುಂಜಾನೆ ನಾನ ನಿಂತು ಕಂಠಮಟ ತುಂಬಿಸೀನಿ. ತುಂಬಿದ ಟಾಕಿ ಸದ್ದು ಮಾಡಂಗಿಲ್ಲ.”

“ಇಲ್ಲೇ ಬಂದು ಕೇಳ್ರಿ.”

ಕುಡಿಯುವ ನೀರಿನ ಟಾಕಿ ಅಗಲವಾದದ್ದು, ಈ ಬದಿಯ ಹಲಗೆಯಿಂದ ಆ ಬದಿಯವರೆಗೆ. ಪೂರ್ತಿ ತುಂಬಿದ್ದರೆ ನೀರು ಅಲುಗುವುದಿಲ್ಲ. ಅರ್ಧ ಇದ್ದರೆ ದೋಣಿ ವಾಲಿದ ಕಡೆಗೇ ಓಡಿ ಇನ್ನಷ್ಟು ವಾಲಿಸುತ್ತದೆ. ಕಾಕಾ ಮುಚ್ಚಳ ತೆಗೆದರು. ಅರ್ಧವೂ ಇರಲಿಲ್ಲ.

“ಭಟ್ಟರ, ಇಲ್ಲಿ ನೀರು ಯಾರು ತಗೊಂಡ್ರಿ?”

“ಕಾಲು ತೊಳೆದದ್ದು ಮಾರಾಯ್ರೆ,” ಎಂದರು ಭಟ್ಟರು, ಇದೇನು ಕೇಳುವ ಮಾತೇ ಎಂಬಂತೆ. “ಹೊಸ ಮನೆಯ ಹಾಗೆ ಪಾಲೀಶು ಮಾಡಿ ಇಟ್ಟಿದ್ದೀರಿ. ಅಡುಗೆಮನೆಯ ಕಾಲಿನಲ್ಲಿ ಹೇಗೆ ಹತ್ತುವುದು? ಒಬ್ಬೊಬ್ಬನಿಗೆ ಒಂದೊಂದು ಬಕೆಟು.”

ನಾವು ತಕ್ಕಡಿಯ ಬಳಿ ಇದ್ದಾಗ ಮೊದಲು ಹತ್ತಿದವನು ಒಳಗಿನ ಕೈಪಂಪು ಕಂಡುಹಿಡಿದಿದ್ದ. ಕಾಕಾ ಬಯ್ಯಲಿಲ್ಲ. ಮ್ಯಾನೇಜರನ ಕಡೆ ತಿರುಗಿ ಇನ್ನೊಂದು ಸಲ ನೋಡಲು ಕೇಳಿದರು. ಅವನು ಗಡಿಯಾರ ನೋಡಿದ, ಆಕಾಶ ನೋಡಿದ. ಮೂರು ಗಂಟೆ ದಾಟಿತ್ತು, ಪಡುವಣದಿಂದ ಗಾಳಿ ಎದ್ದಿತ್ತು. “ಏಕ್ ಬಾರ್,” ಎಂದ, ಒಂದೇ ಸಲ.

ಟಾಕಿ ತುಂಬಿಸಲು ದಡದ ನಲ್ಲಿಯಲ್ಲಿ ಆ ಹೊತ್ತಿಗೆ ನೀರಿರಲಿಲ್ಲ. ಓಡಾಡಲು ನೀರೇ ಇಲ್ಲದಂತೆ ಪೂರ್ತಿ ಬರಿದು ಮಾಡಬೇಕು. ಹೋಟೆಲಿನವರೇ ಸರದಿಯ ಮೇಲೆ ಪಂಪು ಒತ್ತಿದರು, ಬಕೆಟ್ಟು ಕೈಯಿಂದ ಕೈಗೆ ಹೋಯಿತು. ಯಾರೂ ತಮಾಷೆ ಮಾಡಲಿಲ್ಲ. ತಳ ಒರೆಸುವ ಹೊತ್ತಿಗೆ ಗಾಳಿ ಕಂಬಕ್ಕೆ ಬಡಿದು ದಾರ ತನ್ನಷ್ಟಕ್ಕೇ ಓಲಾಡುತ್ತಿತ್ತು.

ಎಲ್ಲರೂ ಅಂಚಿಗೆ ಹೋಗಿ ನಿಂತರು. ಓದಲಾಗಲಿಲ್ಲ. ದಾರ ಐದಕ್ಕೆ ಬರುತ್ತಿತ್ತು, ಆರಕ್ಕೆ ಹೋಗುತ್ತಿತ್ತು. “ಅಲುಗಬ್ಯಾಡ್ರಿ,” ಎಂದು ಕಾಕಾ ಕೂಗಿದರು. ಹೋಟೆಲಿನ ಕಡೆಯಿಂದ ಯಾರೋ ಬಂದು ದಡದಲ್ಲಿ ನಿಂತು ಭಟ್ಟರನ್ನು ಕರೆಯತೊಡಗಿದ. ಭಟ್ಟರು ಉತ್ತರ ಕೊಡಲಿಲ್ಲ, ಕೊಟ್ಟರೆ ತಿರುಗಬೇಕಾಗುತ್ತಿತ್ತು. ನಾನು ಪೆನ್ಸಿಲು ಕೆಳಗಿಟ್ಟು ಎರಡೂ ಕೈಗಳನ್ನು ಮಡಿಲಲ್ಲಿ ಬಿಗಿಹಿಡಿದೆ. ಉಸಿರು ತಾಗಿದರೂ ದಾರ ಅಲುಗೀತು ಎನಿಸುತ್ತಿತ್ತು.

ಗಾಳಿ ಒಂದು ಕ್ಷಣ ಬಿಟ್ಟಿತು. ದಾರ ನಿಂತಿತು.

“ಐದೂವರಿ,” ಎಂದೆ.

ಅರ್ಧ ಇಂಚು ಹೆಚ್ಚು. ಕಾಕಾ ಕೆಳಗಿಳಿದು ಬಂದು ತಾವೇ ಬಗ್ಗಿ ನೋಡಿದರು. ನಾನು ಓದಿದ್ದು ಸರಿಯೇ ಇತ್ತು. ಮ್ಯಾನೇಜರ್ ಬಾಗಿಲಲ್ಲಿ ಕೂತು ಹಣೆ ಒರೆಸಿಕೊಂಡ. ಮೇಲಿನ ಭಾರ ಸ್ವಲ್ಪ ಇಳಿಸಿದರೆ ಸಾಕು, ಎಲ್ಲಿಂದ ಇಳಿಸುವುದೆಂದು ನೀನೇ ಹೇಳು ಎಂದು ಕಾಕಾಗೆ ಬಿಟ್ಟ. ಕ್ಯಾಬಿನ್ನಿನ ಮಾಡು, ಇಲ್ಲವೇ ಹಾಯಿಕಂಬ. ಕಂಬ ಗಿಡ್ಡಾದರೆ ಹಾಯಿ ಚಿಕ್ಕದಾಗುತ್ತದೆ, ರೇಸಿನಲ್ಲಿ ಗೆಲ್ಲುವುದು ದೂರದ ಮಾತು. ಭಾನುವಾರಗಳಂದು ಅಪೊಲೊ ಬಂದರಿನ ಕಟ್ಟೆಯ ಮೇಲೆ ನಿಂತು, ತಮ್ಮ ದೋಣಿ ಎಲ್ಲರಿಗಿಂತ ಮುಂದೆ ಹಾಯುವುದನ್ನು ಕಾಕಾ ಎಷ್ಟು ಸಲ ಮನಸ್ಸಿನಲ್ಲೇ ನೋಡಿದ್ದರೋ.

ಅವರು ನೆಟ್ಟಗೆ ನಿಂತರು. ತಲೆ ಮಾಡಿಗೆ ತಾಗಲಿಲ್ಲ.

“ಕಂಬ ಕಡಿಸ್ರಿ,” ಎಂದರು.

ಭಟ್ಟರೂ ಅವರ ಜನರೂ ಓಡುತ್ತ ಹೋದರು. ನಾವಿಬ್ಬರೂ ದಡಕ್ಕೆ ಬಂದು ಕಂಬವನ್ನು ನೋಡುತ್ತ ನಿಂತೆವು.

“ಒಂದೂವರಿ ಫೂಟು ಕಡಿದ್ರ ಸಾಕಾಗ್ತದ ಕಾಕಾ,” ಎಂದೆ. ಲೆಕ್ಕ ಮಾಡಿಯೇ ಹೇಳಿದ್ದೆ.

“ಎರಡು ಬರಕೋ,” ಎಂದರು. “ಹೆಂಗಸರು ಹುಡುಗರು ಕೂಡಾವ್ರು.”

ಎರಡು ಎಂದು ಬರೆದುಕೊಂಡೆ.