ಪೀಚ್ ಗಿಡಕ್ಕೆ ಐಸ್ ಗಡ್ಡೆ

ನಮ್ಮ ಯಜಮಾನರಿಗೆ ನನಗಿಂತ ಆ ಪೀಚ್ ಗಿಡವೇ ಹೆಚ್ಚು ಎಂದರೆ ಜನ ಹೊಟ್ಟೆಕಿಚ್ಚು ಎನ್ನುತ್ತಾರೆ. ಎನ್ನಲಿ. ದೇವಸಮುದ್ರದ ಬಿಸಿಲಲ್ಲಿ ದಾಳಿಂಬೆ ತೋಟದ ಕೂಲಿ ಮುಗಿಸಿ ಬಂದರೆ ನನಗೆ ಒಂದು ಚೊಂಬು ನೀರು ಕೊಡುವವರಿರಲಿಲ್ಲ. ಗಿಡಕ್ಕೆ ಮಾತ್ರ ಚಳ್ಳಕೆರೆಯಿಂದ ಐಸ್ ಬರುತ್ತಿತ್ತು.

ಅವರು ಮಿಲಿಟರಿಯಲ್ಲಿ ಲಾರಿ ಓಡಿಸುತ್ತಿದ್ದರು. ನೌಕರಿಯ ಬಹುಪಾಲು ಹಿಮಾಚಲದ ಬೆಟ್ಟಗಳಲ್ಲೇ ಕಳೆಯಿತು. ಮದುವೆಯಾದ ಮೇಲೆ ಮೊದಲ ರಜೆಗೆ ಬಂದಾಗ ನನಗೊಂದು ಕೆಂಪು ಉಣ್ಣೆ ಸ್ವೆಟರ್ ತಂದಿದ್ದರು.

"ಅಲ್ಲಿಗೆ ಕರ್ಕೊಂಡು ಹೋಗ್ತೀನಿ ಕಣೇ. ಹಿಮ ಕರಗಿದ ಮೇಲೆ ಪೀಚ್ ಗಿಡಗಳು ಬರೀ ಕಡ್ಡಿ ಮೇಲೆ ಹೂ ಬಿಡ್ತಾವೆ, ಒಂದು ಎಲೆ ಇರಲ್ಲ. ನೋಡೀಯಂತೆ."

ನಾನು ನಂಬಿದೆ. ಮಕ್ಕಳಾದವು, ಅತ್ತೆ ಹಾಸಿಗೆ ಹಿಡಿದರು, ಕುರಿ ಹಟ್ಟಿ ನನ್ನ ಪಾಲಿಗೆ ಬಂತು. ಸ್ವೆಟರ್ ಟ್ರಂಕಿನಲ್ಲಿ ನುಸಿಗುಳಿಗೆಯ ಜೊತೆ ಬಿದ್ದಿತ್ತು. ರಿಟೈರ್ ಆಗಿ ಬಂದಾಗಲಾದರೂ ಕರೆದೊಯ್ಯುತ್ತಾರೆ ಅಂದುಕೊಂಡರೆ, ಮಹಾನುಭಾವರು ಒದ್ದೆ ಗೋಣಿಯಲ್ಲಿ ಸುತ್ತಿದ ಒಂದು ಪೀಚ್ ಸಸಿ ಹಿಡಿದು ಬಸ್ಸಿಳಿದರು.

ಮನೆ ಹಿಂದೆ ನೆಟ್ಟು, ಸುತ್ತ ಬೇಲಿ ಕಟ್ಟಿದರು. ಸಸಿ ಗಿಡವಾಯಿತು, ಹೂ ಮಾತ್ರ ಬಿಡಲಿಲ್ಲ. ಚಳಿ ತಾಗಿದರೇ ಅದಕ್ಕೆ ನಿದ್ದೆಯಂತೆ, ನಿದ್ದೆ ಆದರೇ ಹೂವಂತೆ. ನಮ್ಮೂರಲ್ಲಿ ಎಲ್ಲಿಯ ಚಳಿ? ಅದಕ್ಕೇ ಚಳ್ಳಕೆರೆಗೆ ಹೋಗಿ ಐಸ್ ಗಡ್ಡೆ ತಂದು, ಶೇಂಗಾ ಹೊಟ್ಟು ಹೊದಿಸಿ, ಬುಡಕ್ಕೆ ಸುರಿಯುವುದು. ಅರ್ಧ ಬಸ್ಸಿನಲ್ಲೇ ಕರಗಿ ಕಂಡಕ್ಟರನ ಬೈಗುಳ ಬೇರೆ. ಹಳೇ ಕಡ್ಡಿ ತೆಗೆದು, ಗಿಡದ ನಡುವನ್ನು ಬೋಗುಣಿಯ ಹಾಗೆ ತೆರವಾಗಿಸಿ, ಅದಕ್ಕೆಂದೇ ಇಟ್ಟ ಕತ್ತರಿಯಿಂದ ಒಂದೊಂದು ತುದಿಯನ್ನೂ ಓರೆಯಾಗಿ ಕತ್ತರಿಸುವುದು. ಮಗುವಿನ ಉಗುರು ತೆಗೆಯುವಷ್ಟು ಜೋಪಾನ. ನನ್ನ ಮಕ್ಕಳ ಉಗುರು ತೆಗೆದವಳು ನಾನೊಬ್ಬಳೇ. ಆ ಕತ್ತರಿಯನ್ನು ನಾನು ಮುಟ್ಟುವ ಹಾಗೂ ಇರಲಿಲ್ಲ.

"ಬೆಟ್ಟಕ್ಕೆ ಯಾವಾಗ?" ಎಂದು ಕೇಳಿದರೆ ಪ್ರತಿ ಸಲ ಒಂದೇ ಉತ್ತರ. "ಗಿಡ ಬಿಟ್ಟು ಹೆಂಗೆ ಹೋಗಾದು? ನೀರು ಹಾಕೋರು ಯಾರು?"

ಹೋದ ಚಳಿಗಾಲದಲ್ಲಿ ಅವರಿಗೆ ಚಳ್ಳಕೆರೆಯಲ್ಲಿ ಕಣ್ಣಿನ ಪೊರೆ ತೆಗೆಸಿದೆವು. ಧೂಳು ಬೀಳಬಾರದೆಂದು ಒಂದೂವರೆ ತಿಂಗಳು ಅಲ್ಲೇ ತಮ್ಮ ತಂಗಿಯ ಮನೆಯಲ್ಲಿ ಉಳಿದರು. ಬಸ್ಸು ಹತ್ತುವ ನನಗೆ ಹೇಳಿದ್ದು ಒಂದೇ ಮಾತು: "ಎರಡು ಹೊತ್ತು ನೀರು ತಪ್ಪಿಸಬ್ಯಾಡ."

ಊರಿಗೆ ಬಂದವಳು ಒಂದು ಹನಿ ಹಾಕಲಿಲ್ಲ. ಗಿಡ ಹೋದರೆ ನೆಪವೂ ಹೋಗುತ್ತದೆ. ಅಷ್ಟೇ ನನಗೆ ಬೇಕಾಗಿದ್ದದ್ದು. ಎಲೆ ಬಾಡಿದರೂ ಅದು ಸಾಯುವಂತೆ ಕಾಣಲಿಲ್ಲ. ಬೇಲಿ ಸರಿಸಿ ಹಟ್ಟಿಯ ಆಡೊಂದನ್ನು ಒಳಗೆ ಬಿಟ್ಟೆ. ಅದು ಎಲೆಯೆಲ್ಲ ಬೋಳಿಸಿ, ಎಳೆ ತುದಿಗಳನ್ನೂ ಕಡಿದು ತಿಂದಿತು.

ಬರೀ ಕಡ್ಡಿ ನಿಂತದ್ದು ನೋಡಿದ ಮೇಲೆ ಭಯ ಹತ್ತಿತು. ಒಣಗಿತು ಎಂದರೆ ಇವರು ನಂಬಿಯಾರು, ಆಡು ಮೇಯಿತು ಎಂದರೆ ಬಿಟ್ಟಾರೆಯೇ? ಆ ಕತ್ತರಿಯನ್ನೇ ತಂದು, ಆಡಿನ ಹಲ್ಲಿನ ಗುರುತು ಕಾಣದ ಹಾಗೆ ತುದಿಗಳನ್ನು ಓರೆಯಾಗಿ ಕತ್ತರಿಸಿದೆ. ಬುಡಕ್ಕೆ ಕೊಡಗಟ್ಟಲೆ ನೀರು ಸುರಿದೆ.

ಕೆಲವು ದಿನಕ್ಕೆ ಕಡ್ಡಿಯ ತುಂಬ ಗುಲಾಬಿ ಬಣ್ಣದ ಮೊಗ್ಗು. ಆಗ ನನಗೆ ಹೊಳೆಯಿತು. ದಾಳಿಂಬೆ ತೋಟದಲ್ಲಿ ನಾವು ಮಾಡುವುದೂ ಇದನ್ನೇ ಅಲ್ಲವೇ? ನೀರು ನಿಲ್ಲಿಸಿ, ಎಲೆ ಉದುರಿಸಿ, ತುದಿ ಕತ್ತರಿಸಿ, ಮತ್ತೆ ನೀರು ಬಿಟ್ಟರೆ ಗಿಡ ಹೂ ಹೊರುತ್ತದೆ. ಕೊಲ್ಲಲು ಹೋಗಿ ಬಾಣಂತನ ಮಾಡಿದ್ದೆ.

ಯಜಮಾನರು ಕಪ್ಪು ಕನ್ನಡಕ ಹಾಕಿಕೊಂಡು ಬಂದಾಗ ಗಿಡ ಪೂರ್ತಿ ಅರಳಿತ್ತು. ಬಹಳ ಹೊತ್ತು ಅದರ ಕೆಳಗೆ ನಿಂತರು. ಆಮೇಲೆ ಬೆಟ್ಟದ ಗೆಳೆಯರಿಗೆಲ್ಲ ಫೋನು, ಫೋಟೋ. ಐಸ್ ಕೆಲಸ ಮಾಡಿತಂತೆ! ಕೊನೆಗೆ ನನ್ನ ಕಡೆ ತಿರುಗಿ ನಕ್ಕರು.

"ನಿನ್ನ ಆಸೆ ತೀರ್ತಲ್ಲ ಕಣೇ. ಹೂವೇ ಮನೆ ಬಾಗಿಲಿಗೆ ಬಂದೈತೆ. ಇನ್ಯಾಕೆ ದಿನಗಟ್ಟಲೆ ರೈಲಿನಾಗೆ ಕುಂತು ಅಲ್ಲಿಗೆ ಹೋಗ್ಬೇಕು?"

ಅರಳಿಸಿದವಳು ನಾನು ಎನ್ನುವ ಮಾತು ನಾಲಿಗೆ ತುದಿಗೆ ಬಂತು. ಹೇಳಿದರೆ ವರ್ಷವರ್ಷವೂ ನನ್ನ ಕೈಯಲ್ಲೇ ಮಾಡಿಸುತ್ತಾರೆ. ನುಂಗಿಕೊಂಡೆ. ಒಳಗೆ ಹೋಗಿ ಟ್ರಂಕು ತೆಗೆದು, ಆ ಕೆಂಪು ಸ್ವೆಟರನ್ನು ಸೀರೆಯ ಮೇಲೆ ತೊಟ್ಟೆ. ತೋಳು ಬಿಗಿಯಾಗಿತ್ತು. ಸುಡುವ ಮಧ್ಯಾಹ್ನದಲ್ಲಿ ಗಿಡದ ಕೆಳಗೆ ಹೋಗಿ ಕೂತೆ.

"ತಲೆ ನೆಟ್ಟಗೈತೇನೇ? ಈ ಸೆಕೇಲಿ ಸ್ವೆಟರ್ರಾ?"

ಬೆನ್ನಿನ ಮೇಲೆ ಬೆವರು ಇಳಿಯುತ್ತಿತ್ತು.

"ಬೆಟ್ಟಕ್ಕೆ ಬಂದೀನಲ್ರೀ," ಎಂದೆ. "ಬಾಳ ಚಳಿ ಐತೆ."