ಮುಗಿದ ಆಟದ ಕಾಮೆಂಟರಿ

ಟಿ.ವಿ.ಯಲ್ಲಿ ಬಾಸ್ಕೆಟ್‌ಬಾಲ್ ಕಾಮೆಂಟರಿ ಹೇಳುವವರನ್ನು ಕಂಡರೆ ನನಗೆ ಹೊಟ್ಟೆಕಿಚ್ಚು. ಅವರ ಕೋಟು ಕಂಡಲ್ಲ. ಅವರು ಜೋಡಿಯಾಗಿ ಕೂಡುವುದನ್ನು ಕಂಡು. ಒಬ್ಬ ಹೇಳಿದ್ದಕ್ಕೆ ಇನ್ನೊಬ್ಬ ಹೂಂಗುಟ್ಟುತ್ತಾನೆ. ಎಪ್ಪತ್ತರ ದಶಕದಲ್ಲಿ ಇಂಡಿ, ಸಿಂದಗಿ, ಮುದ್ದೇಬಿಹಾಳ, ಬಸವನ ಬಾಗೇವಾಡಿಯ ಶಾಲಾ ಮೈದಾನಗಳಲ್ಲಿ ಇದೇ ಕೆಲಸ ಮಾಡಿದ ನನಗೆ ಹೂಂಗುಟ್ಟುವವರು ಯಾರೂ ಇರಲಿಲ್ಲ.

ವಾರವೆಲ್ಲ ನಾನು ಇಂಡಿಯಲ್ಲಿ ಭೂಗೋಳದ ಮಾಸ್ತರ, ಒಂಟಿ ಜೀವ. ಕೂಗು ಮರಳಿ ಬರಬೇಕಾದರೆ ಎದುರಿಗೊಂದು ಗುಡ್ಡ ಬೇಕೆಂದು ಮಕ್ಕಳಿಗೆ ಪಾಠ ಹೇಳುತ್ತಿದ್ದೆ. ನಮ್ಮ ಬಯಲುಸೀಮೆಯಲ್ಲಿ ಹೋದ ಮಾತು ಹೋಯಿತು. ಸಾಲದ್ದಕ್ಕೆ ಸಂಘಟಕರ ರೂಢಿಯೊಂದಿತ್ತು: ಲೌಡ್‌ಸ್ಪೀಕರಿನ ಬಾಯಿಯನ್ನು ಮೈದಾನಕ್ಕಲ್ಲ, ಪೇಟೆಗೆ ತಿರುಗಿಸಿ ಕಟ್ಟುವುದು. ನೋಡುವವರಿಗೆ ಹೇಳುವುದೇನಿದೆ, ಬಾರದವರನ್ನು ಕರೆಯಬೇಕಲ್ಲ. ಹೀಗಾಗಿ ಆಟ ನೋಡಿದವರಿಗೆ ನಾನು ಬೇಕಿರಲಿಲ್ಲ. ನನ್ನನ್ನು ಕೇಳಿದವರಿಗೆ ಆಟ ಕಾಣುತ್ತಿರಲಿಲ್ಲ.

ಮುದ್ದೇಬಿಹಾಳದಲ್ಲಿ ಒಂದು ಸಂಜೆ ನಾಲತವಾಡದ ಹುಡುಗರು ಸೋತರು. ಜನ ಚದುರಿದರು, ಮೈಕಿನವನು ಚಹಾಕ್ಕೆ ಹೋದ. ಬೀಗ ಹಾಕಿ ಬಂದಿದ್ದ ಬಾಡಿಗೆ ಕೋಣೆ ನೆನಪಾಗಿ ನನಗೆ ಏಳಲು ಮನಸ್ಸಾಗಲಿಲ್ಲ. ಮೈಕು ಇನ್ನೂ ಜೀವಂತವಿತ್ತು. ಇನ್ನು ಐದೇ ನಿಮಿಷ ಉಳಿದಿದೆ ಎಂದು ಶುರುಹಚ್ಚಿಬಿಟ್ಟೆ. ಖಾಲಿ ಮೈದಾನದಲ್ಲಿ ನಾಲತವಾಡದ ಕ್ಯಾಪ್ಟನ್ ಚೆಂಡು ಕಸಿದ, ಪುಟಿಸಿದ, ರಿಂಗಿಗೆ ಎಸೆದ, ಅಂಕ ಸಮವಾಯಿತು. ಆ ಐದು ನಿಮಿಷವನ್ನು ಅರ್ಧ ಗಂಟೆ ಎಳೆದೆ. ಮೈಕಿನವನು ಬಂದು ವೈರು ಕಿತ್ತಾಗಲೂ ಅಂಕ ಸಮವೇ ಇತ್ತು.

ಊಟಕ್ಕೆ ಪೇಟೆಯ ಖಾನಾವಳಿಗೆ ಹೋದೆ. ಅದನ್ನು ನಡೆಸುವ ಗೌರವ್ವ ನಾನು ರೊಟ್ಟಿ ಕೇಳಿದ ಧ್ವನಿಯಿಂದಲೇ ಗುರುತು ಹಿಡಿದಳು.

“ನಾಲತವಾಡದ ಹುಡುಗ್ರು ಇಲ್ಲೇ ಉಂಡು ಬಸ್ ಹತ್ತಿದ್ರು ಮಾಸ್ತರ್ರ. ನೀವು ಇನ್ನೂ ಆಡಸಾಕತ್ತಿದ್ರಿ.”

ಕೈಯಲ್ಲಿ ರೊಟ್ಟಿ ಹಿಡಿದುಕೊಂಡೇ ಆ ಕ್ಯಾಪ್ಟನ್ ತಾನು ಚೆಂಡು ಹಾಕಿದ್ದನ್ನು ಕೇಳಿ ಕಕ್ಕಾಬಿಕ್ಕಿಯಾಗಿದ್ದನಂತೆ. ಈ ಸುದ್ದಿ ಹಬ್ಬಿದರೆ ಯಾವ ಊರಿನವರೂ ನನ್ನ ಕೈಗೆ ಮೈಕು ಕೊಡರು. ಮೈಕೂ ಹೋದರೆ ನನಗೆ ಮಾತಾಡಲು ಇನ್ನೆಲ್ಲಿ ಜಾಗ?

ಗೌರವ್ವ ರೊಟ್ಟಿ ಬುಟ್ಟಿ ಕೆಳಗಿಟ್ಟು ಎದುರಿನ ಬೆಂಚಿನ ಮೇಲೆ ಕುಳಿತಳು.

“ನಡುವ ನಿಂತುಬಿಡ್ತು. ಮುಂದ ಯಾರು ಗೆದ್ದರು ಹೇಳ್ರಿ.”

ನಾಲ್ಕು ತಾಲೂಕುಗಳಲ್ಲಿ ಗಂಟಲು ಹರಿಯುವಂತೆ ಒದರಿದವನಿಗೆ, ಹೀಗೆ ಎದುರು ಕುಳಿತು ಕೇಳುವವರು ಸಿಕ್ಕಿದ್ದು ಇದೇ ಮೊದಲು. ಆಕೆಗೆ ಅವಸರವಿರಲಿಲ್ಲ.

“ಇನ್ನೂ ಮುಗದಿಲ್ಲರಿ” ಎಂದೆ.

“ಹಂಗಾರ ಇನ್ನೊಂದು ರೊಟ್ಟಿ ಹಾಕಸ್ಕೋರಿ” ಎಂದಳು ಗೌರವ್ವ.