ಐದೂಕಾಲರಲ್ಲಿ ಒಂದೂವರೆ

ಇವತ್ತು ಮಗಳು ಐದೂಕಾಲರಲ್ಲಿ ಒಂದೂವರೆ ಕಳೆದು ನಾಲ್ಕೂಕಾಲು ಎಂದು ಬರೆದಳು. ಬನಹಟ್ಟಿಯ ಮನೆಯಲ್ಲಿ ಚಿಕ್ಕವಳಿದ್ದಾಗ ನಾನೂ ಹಾಗೇ ಬರೆದು ಹಟ ಹಿಡಿದಿದ್ದೆ.

"ಅರ್ಧದಾಗ ಕಾಲು ಕಳದ್ರ ಕಾಲು ಅಲ್ಲೇನಬೇ ಯವ್ವಾ?"

ಮಗ್ಗದಿಂದಿಳಿದ ಬಟ್ಟೆಗೆ ಪಾದ ತಾಗಿದರೂ ಕಣ್ಣಿಗೊತ್ತಿಕೊಳ್ಳುವ ಅವ್ವ ಎದ್ದು ಒಳಗೆ ಹೋದಳು. ಹಬ್ಬಕ್ಕೆಂದು ತಾನೇ ನೇಯ್ದುಕೊಂಡಿದ್ದ, ಇನ್ನೂ ಗಂಜಿ ವಾಸನೆಯ ಐದೂಕಾಲು ಮೀಟರ್ ಸೀರೆ ತಂದಳು. ಒಂದೂವರೆ ಮೀಟರ್ ಅಳೆದು, ಪರ್ರನೆ ಹರಿದೇಬಿಟ್ಟಳು!



"ಈಗ ಉಳದದ್ದು ಅಳದು ನೋಡವಾ."

ಅಳೆದೆ. ಮೂರೂಮುಕ್ಕಾಲು.

"ಕಾಲಿನ್ಯಾಗ ಅರ್ಧ ಹೋಗಂಗಿಲ್ಲ. ಇಡೀದೊಂದು ಒಡೀಬೇಕು."

ಆ ಹಬ್ಬಕ್ಕೆ ಅವಳು ಹಳೇ ಸೀರೆಯನ್ನೇ ಉಟ್ಟಳು.

ಈಗ ನಾನೂ ಕಪಾಟು ತೆರೆದು ಹೊಸ ಸೀರೆ ತೆಗೆದೆ. ಅಂಚು ಹಿಡಿದೆ. ಮಗಳು ನೋಡುತ್ತಲೇ ಇದ್ದಳು. ಹರಿಯಲು ನನಗೆ ಕೈ ಬರಲಿಲ್ಲ.